ಗೋಪುರದ ಮೇಲೆ ಪಡುಗಾಳಿ

ಲೋಕದ ಬೇರೆ ಮಹಾವೀರರೆಲ್ಲ ಒಂದು ಸಿನಿಮಾದಿಂದ ಇನ್ನೊಂದಕ್ಕೆ ಬೆಳೆಯುತ್ತಾ ಹೋಗುತ್ತಾರೆ. ಮೊದಲನೆಯದರಲ್ಲಿ ಬೀದಿ ಕಾಯುತ್ತಾರೆ, ಎರಡನೆಯದರಲ್ಲಿ ನಗರ ಕಾಯುತ್ತಾರೆ, ಮೂರನೆಯದರ ಹೊತ್ತಿಗೆ ಭೂಮಂಡಲವೇ ಅವರ ಅಂಗೈಯಲ್ಲಿರುತ್ತದೆ. ನಮ್ಮ ಲುಂಡೆವಿಗ್ ದ್ವೀಪದ ಮಹಾವೀರನೂ ಎಂಟು ಸಿನಿಮಾಗಳ ಉದ್ದಕ್ಕೂ ಬೆಳೆದ. ಆದರೆ ಡೆನ್ಮಾರ್ಕಿನ ರೀತಿಯಲ್ಲಿ ಬೆಳೆದ. ಅಂದರೆ, ಪ್ರತಿ ಸಿನಿಮಾದಲ್ಲೂ ಒಂದೊಂದು ಗೇಣು ಗಿಡ್ಡನಾಗುತ್ತಾ ಹೋದ.

ಆ ವೀರನ ಹೆಸರು ಪಡುಗಾಳಿ. ಅವನನ್ನು ಹೊತ್ತು ತಿರುಗಿದ ದೇಹದ ಹೆಸರು ಟೋರ್ಕಿಲ್ ಬ್ರೋಗೋರ್. ವೃತ್ತಿಯಿಂದ ಡ್ರೈವಿಂಗ್ ಕಲಿಸುವ ಮೇಷ್ಟ್ರು, ಸ್ವಭಾವದಿಂದ ಹ್ಯಾಂಡ್‌ಬ್ರೇಕು.

ಟೋರ್ಕಿಲ್ ಹುಟ್ಟಿದ್ದು ಬೇಕರಿಯ ಹಿಂದಿನ ಮನೆಯಲ್ಲಿ. ಅಪ್ಪ ದೋಣಿಗಳಿಗೆ ಬಣ್ಣ ಹೊಡೆಯುತ್ತಿದ್ದ. ಹುಡುಗ ಹನ್ನೊಂದರವನಿದ್ದಾಗ ಶಾಲೆಯ ಆಟೋಟದಲ್ಲಿ ಎತ್ತರ ಜಿಗಿತಕ್ಕೆ ನಿಂತು, ಅಕ್ಕಪಕ್ಕದ ದ್ವೀಪಗಳ ಹುಡುಗರನ್ನೆಲ್ಲ ಸೋಲಿಸಿ, ಏದುಸಿರು ಬಿಡುತ್ತಾ ಮನೆಗೆ ಓಡಿಬಂದ. ಅಮ್ಮ ಆಲೂಗಡ್ಡೆ ಸುಲಿಯುತ್ತಿದ್ದಳು.

"ಅಮ್ಮಾ, ನಾನು ಎಲ್ರಿಗಿಂತ ಎತ್ತರ ಹಾರ್ದೆ!"

"ಹೌದಾ ಕಂದಾ? ಒಳ್ಳೇದಾಯ್ತು. ಪಕ್ಕದ್ಮನೆಯವ್ರಿಗೆ ಹೇಳೋಕೆ ಹೋಗ್ಬೇಡ. ಅವ್ರ ಮಗನೂ ಹಾರಿದಾನಲ್ವಾ, ಪಾಪ. ಕಾಲು ಒರೆಸ್ಕೊಂಡು ಒಳಗೆ ಬಾ."

ಅಮ್ಮನದೇನೂ ಕಲ್ಲುಮನಸ್ಸಲ್ಲ. ನಮ್ಮಲ್ಲಿ ಮಕ್ಕಳನ್ನು ಬೆಳೆಸುವುದೇ ಹಾಗೆ. ಕದ್ದವನನ್ನು ನಾವು ಕ್ಷಮಿಸುತ್ತೇವೆ, ಕುಡಿದು ಚರಂಡಿಗೆ ಬಿದ್ದವನನ್ನು ಎತ್ತಿ ಮನೆ ಸೇರಿಸುತ್ತೇವೆ. ಆದರೆ 'ನಾನೂ ಒಬ್ಬ ಇದ್ದೇನೆ' ಎಂದು ಎದೆ ಸೆಟೆಸಿದವನಿಗೆ ಮಾತ್ರ ಕಾಫಿ ಕೊಡುವಾಗ ಲೋಟ ಅರ್ಧಕ್ಕೇ ನಿಲ್ಲುತ್ತದೆ. ಟೋರ್ಕಿಲ್ ಕಾಲು ಒರೆಸಿಕೊಂಡು ಒಳಗೆ ಹೋದ. ಆ ಜಿಗಿತದ ಸುದ್ದಿಯನ್ನು ಯಾರಿಗೂ ಹೇಳಲಿಲ್ಲ. ಮುಂದೆ ಕೈಹಿಡಿದ ಹೆಂಡತಿ ಲಿಸ್ಬೆತ್‌ಗೂ ಹೇಳಲಿಲ್ಲ.

ಬೆಳೆದು ಡ್ರೈವಿಂಗ್ ಶಾಲೆ ಇಟ್ಟ. ದ್ವೀಪದಲ್ಲಿ ಸ್ಟೀರಿಂಗ್ ಹಿಡಿಯುವ ಅರ್ಧಕ್ಕರ್ಧ ಜನರಿಗೆ ಕ್ಲಚ್ಚು ಯಾವುದು ಬ್ರೇಕು ಯಾವುದು ಎಂದು ತೋರಿಸಿಕೊಟ್ಟವನು ಅವನೇ. ಯಾರಾದರೂ ಪರೀಕ್ಷೆ ಪಾಸಾಗಿ "ಎಲ್ಲಾ ನಿನ್ನಿಂದ ಕಣೋ" ಎಂದರೆ, "ನನ್ನಿಂದೇನಲ್ಲ, ರಸ್ತೆ ಒಣಗಿತ್ತು" ಎನ್ನುತ್ತಿದ್ದ. ಲಿಸ್ಬೆತ್ ಬಂದರಿನ ಬಳಿ ಕ್ಷೌರದಂಗಡಿ ನಡೆಸುತ್ತಿದ್ದಳು. ಗಂಡನ ಬಾಯಿಂದ ಬರದ ಮಾತನ್ನೆಲ್ಲ ಅಲ್ಲಿ ಊರವರ ತಲೆಯ ಮೇಲೆ ಒಟ್ಟಿಗೇ ಖರ್ಚು ಮಾಡುತ್ತಿದ್ದಳು.

ಅವನು ಮಹಾವೀರನಾದದ್ದು ಬಟ್ಟೆಯ ಅಳತೆಯಿಂದ. ನಿವೃತ್ತ ಶಾಲಾ ಶಿಕ್ಷಕಿ ಗುಡ್ರುನ್ ಫ್ರಿಸ್ ಊರಿನಲ್ಲೊಂದು ಚಿತ್ರಸಂಘ ಕಟ್ಟಿ, ತಾನೇ ಅಧ್ಯಕ್ಷೆಯಾಗಿ, ತಾನೇ ಕಥೆ ಬರೆದು, ತಾನೇ ಕ್ಯಾಮೆರಾ ಹಿಡಿದು, ಹಳೆಯ ಹಾಯಿಬಟ್ಟೆಯಿಂದ ನೀಲಿ ಉಡುಪೊಂದನ್ನು ಹೊಲಿದಿಟ್ಟಿದ್ದಳು. ಅದನ್ನು ತೊಡಬೇಕಾಗಿದ್ದವನು ಚಿತ್ರೀಕರಣದ ಹಿಂದಿನ ವಾರ ವರ್ಗವಾಗಿ ಹಡಗು ಹತ್ತಿದ. ಸಭಾಭವನದ ಕುರ್ಚಿಗಳ ಕಾಲು ಗಟ್ಟಿ ಮಾಡಲು ಬಂದಿದ್ದ ಟೋರ್ಕಿಲ್‌ನನ್ನು ಗುಡ್ರುನ್ ಹಿಂದಿನಿಂದ ನೋಡಿದಳು, ಮುಂದಿನಿಂದ ನೋಡಿದಳು, "ಕೈ ಎತ್ತು" ಎಂದಳು. ಅವನು ಎತ್ತಿದ. ಇತಿಹಾಸದಲ್ಲಿ ಎಷ್ಟೋ ಕಿರೀಟಗಳು ಇಷ್ಟು ಯೋಚನೆಯೂ ಇಲ್ಲದೆ ತಲೆ ಬದಲಿಸಿವೆ.

ಪಡುಗಾಳಿಗೆ ಇದ್ದ ಶಕ್ತಿ ಒಂದೇ: ಪಶ್ಚಿಮದಿಂದ ಗಾಳಿ ಬೀಸಿದಾಗ ಹಾರಬಲ್ಲ. ಹಾಗಾಗಿ ಹೋಗುವಾಗ ಹಾರುತ್ತಾನೆ, ಬರುವಾಗ ಬಸ್ಸು ಹಿಡಿಯುತ್ತಾನೆ. ಟೋರ್ಕಿಲ್ ತನ್ನ ಕಡೆಯಿಂದಲೂ ಒಂದು ಕಾಣಿಕೆ ಸೇರಿಸಿದ. ಗಾಳಿಯಲ್ಲಿ ತಿರುಗುವ ಮುಂಚೆ ಹೆಗಲ ಮೇಲಿಂದ ಹಿಂದೆ ನೋಡಿ, ಕೈಚಾಚಿ ಸೂಚನೆ ಕೊಟ್ಟೇ ತಿರುಗುತ್ತಿದ್ದ. ಮೊದಲ ಸಿನಿಮಾದಲ್ಲಿ ಅದನ್ನು ಕಂಡು ಸಭಾಭವನದ ಜನ ಕಾಲಿನಿಂದ ನೆಲ ಗುದ್ದಿ ಮೆಚ್ಚಿದರು. ಶತ್ರು ಮೂಡಗಾಳಿಯಾಗಿ ಕಾಣಿಸಿಕೊಂಡವಳು ನಮ್ಮ ಚರ್ಚಿನ ಪಾದ್ರಿ ಬೋದಿಲ್. ವಾರವಿಡೀ ಒಳ್ಳೆಯವಳಾಗಿರುವ ಕೆಲಸ ಅವಳದು. ಒಳಗೇ ಉಳಿದುಹೋದ ಕೆಟ್ಟತನವನ್ನೆಲ್ಲ ಕೂಡಿಟ್ಟುಕೊಂಡು ಬಂದು ಕ್ಯಾಮೆರಾ ಮುಂದೆ ಸುರಿಯುತ್ತಿದ್ದಳು. ಅವಳು ಹಲ್ಲು ಕಡಿದರೆ ಮುಂದಿನ ಸಾಲಿನವರು ಕುರ್ಚಿ ಹಿಂದಕ್ಕೆ ಎಳೆದುಕೊಳ್ಳುತ್ತಿದ್ದರು.

ತೊಂದರೆ ಶುರುವಾದದ್ದು ಎರಡನೆಯ ಸಿನಿಮಾದಿಂದ. ಅದರಲ್ಲಿ ಗೋದಾಮಿನಲ್ಲಿ ಸರಕು ಎತ್ತುವ ಫೋರ್ಕ್‌ಲಿಫ್ಟಿಗೆ ಟೋರ್ಕಿಲ್‌ನನ್ನು ಕಟ್ಟಿ ಮನೆಗಳ ಸೂರಿನೆತ್ತರಕ್ಕೆ ಹಾರಿಸಿದ್ದರು. ಸಂಘದ ವಾರ್ಷಿಕ ಸಭೆಯಲ್ಲಿ ಖಜಾಂಚಿ ಓಸ್ವಾಲ್ಡ್ ಎದ್ದು ನಿಂತ. ಸುಂಕದ ಕಟ್ಟೆಯಲ್ಲಿ ಕೆಲಸ ಮಾಡಿ ನಿವೃತ್ತನಾದವನು ಅವನು. ಎದುರು ನಿಂತವರೆಲ್ಲ ಏನೋ ಬಚ್ಚಿಟ್ಟಿದ್ದಾರೆ ಎಂದೇ ನೋಡುವ ಕಣ್ಣು.

"ನಮ್ಮ ತಲೆ ಮೇಲೇ ಹಾರ್ತಾನಲ್ಲ, ಏನಂದ್ಕೊಂಡಿದಾನೆ ಅವ್ನು? ಅಲ್ಪನಿಗೆ ಐಶ್ವರ್ಯ ಬಂದ್ರೆ ಅರ್ಧರಾತ್ರೀಲಿ ಕೊಡೆ ಹಿಡಿದ್ನಂತೆ. ಸ್ವಲ್ಪ ಕೆಳಗೆ ಹಾರ್ಲಿ."

ಸಭೆ ತಲೆದೂಗಿತು. ನಮ್ಮಲ್ಲಿ ಸಂಘವೆಂದ ಮೇಲೆ ಎಲ್ಲವೂ ಸಭೆಯಲ್ಲೇ ತೀರ್ಮಾನವಾಗಬೇಕು: ಬಣ್ಣ, ಬಿಸ್ಕತ್ತು, ಮಹಾವೀರನ ಆತ್ಮ. ಪಡುಗಾಳಿಯ ಮುಂದಿನ ಬದುಕು ಪೂರ್ತಿ ಕೈಯೆತ್ತುವಿಕೆಯಿಂದಲೇ ಸಾಗಿತು. ಒಂದು ಸಲ, ಯಾರನ್ನಾದರೂ ಕಾಪಾಡುವ ಮುಂಚೆ ಅವರ ಒಪ್ಪಿಗೆ ಕೇಳಬೇಕೆಂದು ನಿರ್ಣಯವಾಯಿತು. ಮುಳುಗುತ್ತಿದ್ದವನು ನೀರಿನೊಳಗಿನಿಂದ "ಆಗ್ಲಪ್ಪಾ" ಎಂದ ಮೇಲೇ ಪಡುಗಾಳಿ ಕೈಚಾಚಿದ. ಇನ್ನೊಂದು ಸಲ, ತನಗಷ್ಟು ಬಲವಿರುವುದಕ್ಕೆ ಅವನು ಮೂಡಗಾಳಿಯ ಕ್ಷಮೆ ಕೇಳಿದ. ಮತ್ತೊಂದರಲ್ಲಿ ಅರ್ಧ ಶಕ್ತಿಯನ್ನು ಬಸ್ಸಿನ ಚಾಲಕನಿಗೆ ಹಂಚಿಕೊಟ್ಟ. ಅಲ್ಲಿಂದ ಮುಂದೆ ಬಸ್ಸೂ ಕೊಂಚ ಹಾರತೊಡಗಿತು. ಎಂಟನೆಯದಕ್ಕೆ ಬರುವಷ್ಟರಲ್ಲಿ ಪಡುಗಾಳಿ ಆಲೂಗಡ್ಡೆ ಹೊಲದ ಮೇಲೆ ಮೊಣಕಾಲೆತ್ತರದಲ್ಲಿ ಹಾರುತ್ತಿದ್ದ, ಗದ್ದಕ್ಕೆಲ್ಲ ಮಣ್ಣು.

"ಇದಕ್ಕೇ ಪಾತ್ರದ ಬೆಳವಣಿಗೆ ಅನ್ನೋದು" ಎಂದು ಗುಡ್ರುನ್ ಕಣ್ಣೊರೆಸಿಕೊಂಡಳು. ದೊಡ್ಡೂರಿನ ಪತ್ರಿಕೆಯವನೊಬ್ಬ ನೋಡಿ ಹೋಗಿ, 'ಈ ಸರಣಿಯ ನಾಯಕ ಎಷ್ಟು ಚೆನ್ನಾಗಿ ಬೆಳೆಯುತ್ತಿದ್ದಾನೆಂದರೆ ಇನ್ನೆರಡು ಸಿನಿಮಾಗಳಲ್ಲಿ ಕಾಣದಂತಾಗುತ್ತಾನೆ' ಎಂದು ಬರೆದ. ನಮ್ಮವರು ಅದನ್ನು ಹೊಗಳಿಕೆಯೆಂದೇ ಓದಿಕೊಂಡರು.

ಇಷ್ಟೂ ವರ್ಷ ಟೋರ್ಕಿಲ್ ಚಕಾರವೆತ್ತಲಿಲ್ಲ. ಹಾರು ಎಂದಲ್ಲಿ ಹಾರಿದ, ತೆವಳು ಎಂದಲ್ಲಿ ತೆವಳಿದ. ಆದರೆ ಅರವತ್ತು ದಾಟಿದ ಆ ಚಳಿಗಾಲದಲ್ಲಿ ಪಾದ್ರಿ ಬೋದಿಲ್ ಒಂದು ಸುದ್ದಿ ಹೇಳಿದಳು. ವಸಂತದಲ್ಲಿ ಚರ್ಚಿನ ಗೋಪುರಕ್ಕೆ ಹೊಸ ಸುಣ್ಣ. ಅದಕ್ಕಾಗಿ ಆಚೆ ದಡದಿಂದ ಹಡಗಿನ ಮೇಲೆ ಒಂದು ಯಂತ್ರ ಬರುತ್ತದೆ. ಅದರ ಉಕ್ಕಿನ ಕೈ ಚಾಚಿದರೆ ಗೋಪುರದ ತುದಿಯಲ್ಲಿ ಗಾಳಿಯ ದಿಕ್ಕು ತೋರುವ ತಗಡಿನ ಗಾಳಿಕೋಳಿಯೂ ಕೆಳಗೇ ಉಳಿಯುತ್ತದೆ. ಒಂದು ವಾರ ಇದ್ದು ಹೋಗುತ್ತದೆ. ಮತ್ತೆ ಸುಣ್ಣ ಬಳಿಯುವಷ್ಟರಲ್ಲಿ ಟೋರ್ಕಿಲ್‌ಗೆ ಎತ್ತರಕ್ಕಿಂತ ಹೆಚ್ಚಾಗಿ ಊರುಗೋಲು ಬೇಕಾಗಿರುತ್ತದೆ.

ಆ ದಿನದಿಂದ ಅವನ ತಲೆಯೊಳಗೆ ಒಂದು ಹುಳ ಹೊಕ್ಕಿತು. ಒಂದೇ ಒಂದು ಸಲ ಪಡುಗಾಳಿ ಗೋಪುರದ ಮೇಲೆ ಹಾರಬೇಕು. ಯಾರನ್ನೂ ಕಾಪಾಡಲಿಕ್ಕಲ್ಲ, ಪಾಠ ಕಲಿಸಲಿಕ್ಕಲ್ಲ. ಸುಮ್ಮನೆ, ಮೇಲೆ. ಆದರೆ ಅದನ್ನು ಸಭೆಯಲ್ಲಿ ಕೇಳುವುದು ಹೇಗೆ? ತನಗೆ ಬೇಕಾದದ್ದನ್ನು ತಾನೇ ಕೇಳುವುದೆಂದರೆ ನಮ್ಮಲ್ಲಿ ಚಡ್ಡಿಯಲ್ಲಿ ಬೀದಿಗಿಳಿದಂತೆ. ಬೇರೆ ಯಾರಾದರೂ ಅವರಾಗಿಯೇ ಹೇಳಬೇಕು. ಅವರಿಗೆ ಅದು ಹೊಳೆಯುವಂತೆ ಮಾಡಬೇಕು.

ಅವನು ಆರಿಸಿಕೊಂಡದ್ದು ಗೆಳೆಯ ಮೋಗೆನ್ಸ್‌ನನ್ನು. ಮೋಗೆನ್ಸ್ ಮೀನಿಗೆ ಹೊಗೆ ಹಾಕಿ ಮಾರುವವನು. ಸಂತೆಗೆ ಮೀನು ಒಯ್ಯಲು ಟ್ರೇಲರ್ ಎಳೆಯುವ ಪರವಾನಗಿ ಬೇಕೆಂದು ಅದೇ ತಿಂಗಳು ಟೋರ್ಕಿಲ್ ಹತ್ತಿರ ಪಾಠಕ್ಕೆ ಸೇರಿದ್ದ. ಒಂದು ಮಧ್ಯಾಹ್ನ ಚರ್ಚಿನ ಮುಂದಿನ ಅಂಗಳದಲ್ಲಿ ಟ್ರೇಲರನ್ನು ಹಿಂದಕ್ಕೆ ತೆಗೆದುಕೊಳ್ಳುವ ಅಭ್ಯಾಸ ನಡೆದಿತ್ತು.

"ಎತ್ತರ ಇದೆ ಅಲ್ವಾ, ಗೋಪುರ" ಎಂದ ಟೋರ್ಕಿಲ್.

"ಇರ್ದೇ ಇರತ್ತಾ? ಗೋಪುರ ಕಣೋ ಅದು." ಮೋಗೆನ್ಸ್ ಸ್ಟೀರಿಂಗನ್ನು ತಪ್ಪು ಕಡೆಗೆ ತಿರುಗಿಸಿದ. ಟ್ರೇಲರ್ ಸ್ಮಶಾನದ ಗೋಡೆಯತ್ತ ಮೂತಿ ಮಾಡಿತು.

"ಆ ಕಡೆ ಅಲ್ಲ, ಈ ಕಡೆ. ಯಂತ್ರ ಬರತ್ತಂತೆ. ಸುಣ್ಣಕ್ಕೆ."

"ಹೂಂ, ಕೇಳ್ದೆ."

"ಅಲ್ಲಿ ಮೇಲೆ ಒಬ್ಬ ಮನುಷ್ಯ ಹೋದ್ರೆ... ನಾನು ಅಂತಲ್ಲ. ಯಾರಾದ್ರೂ. ಗೋಡೆ, ಗೋಡೆ! ಬ್ರೇಕ್ ಹಾಕು!" ಟೋರ್ಕಿಲ್ ಹಣೆ ಒರೆಸಿಕೊಂಡ. "ಈ ವಯಸ್ಸಲ್ಲಿ ಅಂತ ಜನ ಅಂದ್ಕೋಬಹುದು. ಆದ್ರೂ ಪಡುಗಾಳಿ ಮುಂದೆ ಏನು ಮಾಡ್ಬೇಕು ಅಂತ ಯಾರಾದ್ರೂ ಒಂದು ಮಾತು ಎತ್ತಿದ್ರೆ... ನಾನಾಗಿ ಹೇಳೋದು ಚೆನ್ನಾಗಿರಲ್ಲ."

ಮೋಗೆನ್ಸ್ ಗೆಳೆಯನ ಮುಖ ನೋಡಿದ. ಬೆವರು. ಗೋಪುರದ ಕಡೆ ಓಡುವ ಕಣ್ಣು. ಮೋಗೆನ್ಸ್‌ನ ಹೃದಯ ಹೊಗೆ ಹಾಕಿದ ಹೆರಿಂಗ್ ಮೀನಿನಂತೆ ಮೆತ್ತಗಾಯಿತು.

"ಇನ್ನೊಂದು ಮಾತು ಹೇಳ್ಬೇಡ" ಎಂದು ಟೋರ್ಕಿಲ್‌ನ ತೊಡೆ ತಟ್ಟಿದ. "ಅರ್ಥ ಆಯ್ತು. ಸಭೇಲಿ ನಾನು ನೋಡ್ಕೋತೀನಿ."

ಟೋರ್ಕಿಲ್ ಅವತ್ತು ಮನೆಗೆ ಸೀಟಿ ಹಾಕುತ್ತಾ ಹೋದ.

ಫೆಬ್ರವರಿಯಲ್ಲಿ ಸಭೆ ಸೇರಿತು. ಮೊದಲು ಎಲ್ಲರೂ ಎದ್ದು ಹಾಡಿದ್ದಾಯಿತು, ಕಾಫಿಯ ಹೂಜಿಗಳು ಮೇಜಿನುದ್ದಕ್ಕೂ ಸಾಗಿದ್ದಾಯಿತು, ಕೆನೆ ಹಾಕಿದ ಕೇಕನ್ನು ಕತ್ತರಿಸಿದ್ದಾಯಿತು. ಒಂಬತ್ತನೆಯ ಸಿನಿಮಾದಲ್ಲಿ ನಾಯಕನ ಬೆಳವಣಿಗೆ ಎಂಬ ವಿಷಯಕ್ಕೆ ಬಂದಾಗ ಮೋಗೆನ್ಸ್ ಎದ್ದ. ಟೋರ್ಕಿಲ್ ಮೇಜಿನ ಕೆಳಗೆ ಎರಡೂ ಮೊಣಕಾಲುಗಳನ್ನು ಒಂದಕ್ಕೊಂದು ಒತ್ತಿ ಹಿಡಿದುಕೊಂಡ.

"ನಂದೊಂದು ಸಲಹೆ" ಎಂದ ಮೋಗೆನ್ಸ್. "ಮೊಣಕಾಲೆತ್ತರಕ್ಕೆ ಬಂದಾಯ್ತು. ಇನ್ನು ಒಂದೇ ಒಂದು ಹೆಜ್ಜೆ ಬಾಕಿ. ಈ ಸಿನಿಮಾದಲ್ಲಿ ಪಡುಗಾಳಿ ಹಾರೋದನ್ನ ಪೂರ್ತಿ ಬಿಟ್ಬಿಡ್ಲಿ. ನೆಲಕ್ಕಿಳೀಲಿ. ಒಂದು ಡ್ರೈವಿಂಗ್ ಶಾಲೆ ಇಟ್ಕೊಂಡು ನೆಮ್ಮದಿಯಾಗಿ ಇರ್ಲಿ."

ಆಮೇಲೆ ಚಪ್ಪಾಳೆಯೋ ಚಪ್ಪಾಳೆ! ಗುಡ್ರುನ್ ಕರವಸ್ತ್ರ ತೆಗೆದಳು. "ಎಂಥ ಪಕ್ವತೆ! ನಂಗೇ ಹೊಳೀಲಿಲ್ವಲ್ಲ!" ಹುಟ್ಟಿದಾರಭ್ಯ ಯಾವ ಸಲಹೆಯನ್ನೂ ಒಪ್ಪದ ಓಸ್ವಾಲ್ಡ್ ಕೂಡ "ಇದು ಮನುಷ್ಯರು ಆಡೋ ಮಾತು" ಎಂದ. ಮೋಗೆನ್ಸ್ ಹೆಮ್ಮೆಯಿಂದ ಗೆಳೆಯನ ಕಡೆ ತಿರುಗಿ, ಭಯಪಡಬೇಡ ಎಂಬಂತೆ ಕಣ್ಣು ಮಿಟುಕಿಸಿದ.

ಟೋರ್ಕಿಲ್‌ಗೆ ಮುಂದಿದ್ದ ಕೇಕು ಬೇಡವಾಯಿತು, ತಟ್ಟೆಯನ್ನು ದೂರ ತಳ್ಳಿದ. ಇನ್ನೆರಡು ಗುಟುಕು ಕಾಫಿ ಮುಗಿಯುವಷ್ಟರಲ್ಲಿ ಕೈಗಳು ಏಳುತ್ತವೆ, ಪಡುಗಾಳಿಗೆ ನೆಲದ ಮೇಲೆ ಒಂದು ಕುರ್ಚಿ ಹಾಕಿ ಕೂರಿಸುತ್ತಾರೆ, ಯಂತ್ರ ಬಂದು ಸುಣ್ಣ ಬಳಿದು ಹೋಗುತ್ತದೆ. ಸುಮ್ಮನಿದ್ದರೆ ಎಲ್ಲರಿಗೂ ಸಂತೋಷ. ಸುಮ್ಮನಿರುವುದರಲ್ಲಂತೂ ಅವನಿಗೆ ಅರವತ್ತು ವರ್ಷಗಳ ಅಭ್ಯಾಸ.

ಆದರೂ ಕಾಲುಗಳು ಯಜಮಾನನನ್ನು ಕೇಳದೆ ಎದ್ದು ನಿಂತವು.

"ನಂಗೆ ಕೆಳಗಿಳಿಯೋದು ಬೇಡ" ಎಂದ ಟೋರ್ಕಿಲ್.

"ಹಾಗಾದ್ರೆ ಮೊಣಕಾಲೆತ್ತರವೇ ಇರ್ಲಿ ಅಂತೀಯಾ?" ಗುಡ್ರುನ್ ಕೇಳಿದಳು.

"ಅದೂ ಬೇಡ."

"ಮತ್ತೆ?"

"ಗೋಪುರದ ಮೇಲೆ ಹಾರ್ಬೇಕು."

"ಯಾಕೆ? ಕಥೆಗೆ ಬೇಕಾ?"

"ಇಲ್ಲ."

"ಪ್ರೇಕ್ಷಕರು ಕೇಳಿದ್ರಾ?"

"ಇಲ್ಲ. ನಂಗೆ ಬೇಕು."

ಚಮಚಗಳು ನಿಂತವು. ಆ ಸಭಾಭವನದಲ್ಲಿ 'ನಂಗೆ ಬೇಕು' ಎಂಬ ಮಾತು ಹಿಂದೊಮ್ಮೆ ಮಾತ್ರ ಕೇಳಿಬಂದಿತ್ತು. ಅದೂ ಯಾರೋ ಪ್ರವಾಸಿ ಶೌಚಾಲಯದ ಬೀಗದ ಕೈ ಕೇಳಿದಾಗ.

"ಯಾರಿಗೆ ಅಂದೆ?" ಓಸ್ವಾಲ್ಡ್ ಕಿವಿಯ ಹಿಂದೆ ಅಂಗೈ ಇಟ್ಟುಕೊಂಡ.

"ನಂಗೆ."

ಮೋಗೆನ್ಸ್‌ನ ಮುಖ ಬಿಳುಚಿತು. "ಅಲ್ಲಯ್ಯಾ, ಎತ್ತರ ಅಂದ್ರೆ ಭಯ ಅಂತ ನೀನೇ ಅಂದ್ಯಲ್ಲ!"

"ಯಾವಾಗ ಅಂದೆ?"

"ಕಾರಲ್ಲಿ! ಗೋಪುರ ನೋಡ್ಕೊಂಡು ಬೆವರ್ತಿದ್ದೆ!"

"ನೀನು ಟ್ರೇಲರ್ ಹಿಂದಕ್ಕೆ ತಗೋತಿದ್ದೆ ಕಣೋ! ಅದಕ್ಕೆ ಬೆವರ್ತಿದ್ದೆ!"

ನಗು ಮೇಜಿನ ಒಂದು ತುದಿಯಿಂದ ಇನ್ನೊಂದು ತುದಿಗೆ ಓಡಿತು. ಕಾಫಿ ಹೂಜಿ ಹಿಡಿದು ನಿಂತಿದ್ದ ಲಿಸ್ಬೆತ್ ಮಾತ್ರ ನಗಲಿಲ್ಲ. ಗಂಡನನ್ನು ಅಂಗಡಿಯಲ್ಲಿ ಹೊಸದಾಗಿ ಬಂದ ಸಾಮಾನಿನಂತೆ ನೋಡುತ್ತಿದ್ದಳು.

"ಮನೇಲಿ ಇಷ್ಟು ವರ್ಷದಿಂದ ಊಟಕ್ಕೇನು ಬೇಕು ಅಂದ್ರೆ 'ಏನಾದ್ರೂ ಆಗತ್ತೆ' ಅಂತಾನೆ ಈ ಮನುಷ್ಯ!" ಎಂದಳು ಇಡೀ ಸಭೆಗೆ. "ಇವನಿಗೂ ಏನೋ ಒಂದು ಬೇಕಂತೆ! ಕೊಟ್ಬಿಡ್ರೋ, ಮನಸ್ಸು ಬದಲಾಯಿಸೋ ಮುಂಚೆ!"

"ಒಬ್ರಿಗೆ ಬೇಕು ಅಂತ ಕೊಡ್ತಾ ಹೋದ್ರೆ" ಎಂದು ಓಸ್ವಾಲ್ಡ್ ಶುರುಮಾಡಿದ, "ನಾಳೆ ಎಲ್ರಿಗೂ..."

"ನಾಳೆ ಎಲ್ರಿಗೂ ಏನಾದ್ರೂ ಬೇಕಾದ್ರೆ ಆಕಾಶ ಏನು ಕಳಚಿ ಬೀಳತ್ತಾ ಓಸ್ವಾಲ್ಡ್?" ಪಾದ್ರಿ ಬೋದಿಲ್ ಎದ್ದಿದ್ದಳು. "ನಂಗೂ ಒಂದು ಬೇಕು. ಪ್ರಪಂಚ ಅಲ್ಲಾಡಿಸೋ ದುಷ್ಟೆ ನಾನು, ಮೂಡಗಾಳಿ. ಹೋದ ಸಲ ಯಾರ ಜೊತೆ ಹೋರಾಡ್ದೆ? ಆಲೂಗಡ್ಡೆ ಸಾಲಲ್ಲಿ ತೆವಳ್ತಿದ್ದೋನ ಜೊತೆ. ಬಗ್ಗಿ ಬಗ್ಗಿ ಸೊಂಟ ಹೋಯ್ತು. ಭಾನುವಾರ ಪ್ರವಚನಕ್ಕೆ ಗೋಡೆ ಹಿಡ್ಕೊಂಡು ಬಂದೆ. ನಂಗೆ ಒಬ್ಬ ಎತ್ತರದ ಶತ್ರು ಬೇಕು. ದಯವಿಟ್ಟು."

ಗುಡ್ರುನ್‌ಗೆ ಇಕ್ಕಟ್ಟಾಯಿತು. ಎಂಟು ಸಿನಿಮಾಗಳ ಬೆಳವಣಿಗೆ ಒಂದೇ ಜಿಗಿತಕ್ಕೆ ಹಾಳಾಗುವುದನ್ನು ಕಣ್ಣಾರೆ ಕಾಣುತ್ತಿದ್ದಳು. ಆದರೂ ನಿಯಮ ನಿಯಮವೇ. "ಗೋಪುರದ ಮೇಲೆ ಹಾರ್ಲಿ ಅನ್ನೋರು ಕೈ ಎತ್ತಿ" ಎಂದಳು.

ಯಾರೂ ಎತ್ತಲಿಲ್ಲ. ಮನಸ್ಸಿಲ್ಲದೆ ಅಲ್ಲ. ಮೊದಲು ಎತ್ತುವವನಾಗುವುದು ಯಾರಿಗೂ ಬೇಡವಾಗಿತ್ತು. ನಮ್ಮ ಸಭೆಗಳಲ್ಲಿ ಎಷ್ಟೋ ಒಳ್ಳೆಯ ಕೆಲಸಗಳು ಈ ಮೊದಲನೆಯ ಕೈ ಇಲ್ಲದೆ ಸತ್ತಿವೆ. ಇನ್ನು ಸ್ವಂತ ವಿಷಯಕ್ಕೆ ತಾನೇ ಕೈ ಎತ್ತುವುದಂತೂ ಯಾರೂ ಕಂಡುಕೇಳದ ಸಂಗತಿ.

ಟೋರ್ಕಿಲ್ ಕೈ ಎತ್ತಿದ. ಅರ್ಧ ಅಲ್ಲ, ಕಿವಿಯವರೆಗಲ್ಲ. ತೋಳು ನೆಟ್ಟಗೆ, ಬೆರಳು ಬಿಡಿಸಿ, ಹೆಂಚು ಮುಟ್ಟುವವನಂತೆ. ಮುಖ ಮಾತ್ರ ಬೀಟ್‌ರೂಟ್ ಆಗಿತ್ತು. ಹೂಜಿ ಹಿಡಿದಿದ್ದ ಕೈಯನ್ನೇ ಲಿಸ್ಬೆತ್ ಎತ್ತಿದಳು, ಒಂದಷ್ಟು ಕಾಫಿ ಓಸ್ವಾಲ್ಡನ ಭುಜದ ಮೇಲಾಯಿತು. ಬೋದಿಲ್ ಎರಡೂ ಕೈ ಎತ್ತಿದಳು. ಮೋಗೆನ್ಸ್ ತನ್ನದೇ ಸಲಹೆಯ ವಿರುದ್ಧ ಎತ್ತಿದ. ಆಮೇಲೆ ಹಿಂದಿನ ಸಾಲು, ಕಿಟಕಿಯ ಸಾಲು, ಎಂದೋ ಅವನ ಪಕ್ಕ ಕೂತು ಗೇರು ಬದಲಿಸಲು ಕಲಿತ ಕೈಗಳೆಲ್ಲ ಒಂದೊಂದಾಗಿ ಮೇಲೆದ್ದವು.

ದೇವರು ವರ ಕೊಟ್ಟರೂ ಪೂಜಾರಿ ಬಿಡಬೇಕಲ್ಲ. ಓಸ್ವಾಲ್ಡ್ ಒದ್ದೆ ಭುಜದೊಂದಿಗೆ ಎದ್ದು ತಿದ್ದುಪಡಿ ತಂದ. "ಹಾರ್ಲಿ. ಬಹುಮತ ಇದೆ, ನಾನು ತಲೆಬಾಗ್ತೀನಿ. ಆದ್ರೆ ಹಾರುವಾಗ ಮುಖದಲ್ಲಿ ಖುಷಿ ಕಾಣಬಾರ್ದು. ಏನೋ ಕರ್ತವ್ಯ ಅಂತ ಹಾರ್ತಿದಾನೆ ಅನ್ನಿಸ್ಬೇಕು. ಇದನ್ನೂ ಸೇರಿಸಿ."

ಈ ತಿದ್ದುಪಡಿಗೆ ಎಲ್ಲರೂ ಸಮಾಧಾನದ ನಿಟ್ಟುಸಿರಿನೊಂದಿಗೆ ಕೈ ಎತ್ತಿದರು. ಟೋರ್ಕಿಲ್ ಕೂಡ ಎತ್ತಿದ. ಕಾನೂನು ಪಾಲಿಸುವ ಮನುಷ್ಯ. ಮುಖ ಬಿಗಿ ಹಿಡಿಯುವುದೇನು ಮಹಾ ಕೆಲಸವೆಂದುಕೊಂಡ.

ಮೇ ತಿಂಗಳಲ್ಲಿ ಯಂತ್ರ ಬಂತು. ಶನಿವಾರ ಬೆಳಿಗ್ಗೆ ಸುಣ್ಣದವರು ರಜೆ ಮಾಡಿದಾಗ ಇಡೀ ಊರು ಚರ್ಚಿನ ಅಂಗಳದಲ್ಲಿ ನೆರೆಯಿತು. ಹೊಸ ಸುಣ್ಣದಲ್ಲಿ ಗೋಪುರ ಹಾಲಿನಲ್ಲಿ ಅದ್ದಿದಂತಿತ್ತು. ಕಪ್ಪು ಪರದೆ ಬಟ್ಟೆ ಸುತ್ತಿಕೊಂಡ ಪಾದ್ರಿ ಬೋದಿಲ್ ಸ್ಮಶಾನದ ಗೋಡೆ ಹತ್ತಿ ನಿಂತು ಹಲ್ಲು ಕಡಿಯುತ್ತಾ ಗಂಟಲು ಬಿಸಿ ಮಾಡಿಕೊಳ್ಳುತ್ತಿದ್ದಳು. ಟೋರ್ಕಿಲ್ ನೀಲಿ ಉಡುಪು ತೊಟ್ಟು ಬಂದ. ಈ ಇಪ್ಪತ್ತು ವರ್ಷಗಳಲ್ಲಿ ಅದಕ್ಕೆ ಪಕ್ಕಗಳಲ್ಲಿ ಹೊಸ ತುಂಡುಗಳು ಸೇರಿದ್ದವು. ಸೊಂಟಕ್ಕೂ ಎದೆಗೂ ಪಟ್ಟಿ ಬಿಗಿದು ಯಂತ್ರದ ಕೈಯ ಕೆಳಗೆ ಅವನನ್ನು ಮಲಗಿದಂತೆ ತೂಗುಹಾಕಿದರು. ಮೋಗೆನ್ಸ್ ಪಟ್ಟಿಗಳನ್ನು ಒಂದೊಂದಾಗಿ ಜಗ್ಗಿ ನೋಡಿದ.

"ಈಗ್ಲೂ ಹೇಳು, ನಿಜವಾಗ್ಲೂ ಭಯ ಇಲ್ವಾ?"

"ಭಯ ಇದೆ" ಎಂದ ಟೋರ್ಕಿಲ್. "ಅದೇನು ಅಡ್ಡಿ ಇಲ್ಲ."

ಉಕ್ಕಿನ ಕೈ ಏಳತೊಡಗಿತು. ಮನೆಗಳ ಸೂರು ದಾಟಿದ. ಅದು ಹಳೆಯ ಎತ್ತರ, ಗುರುತಿತ್ತು. ಗಂಟೆಗಳ ಕಿಂಡಿ ದಾಟಿದ. ಗಂಟೆಯ ಪಕ್ಕದ ತೊಲೆಯ ಮೇಲೆ ಪಾರಿವಾಳವೊಂದು ಮೊಟ್ಟೆಗೆ ಕೂತಿತ್ತು, ಅವನನ್ನು ನೋಡಿ ಬೆರಗಾಗಲಿಲ್ಲ. ಕೆಳಗಿನಿಂದ ಗುಡ್ರುನ್ ಧ್ವನಿವರ್ಧಕದಲ್ಲಿ ಕೂಗುತ್ತಿದ್ದಳು.

"ಮುಖ ಗಂಟು ಹಾಕ್ಕೋ! ಕರ್ತವ್ಯ ನೆನೆಸ್ಕೋ! ತೆರಿಗೆ ನೆನೆಸ್ಕೋ!"

ಟೋರ್ಕಿಲ್ ತೆರಿಗೆ ನೆನೆಸಿಕೊಂಡ. ಹಲ್ಲುನೋವು ನೆನೆಸಿಕೊಂಡ. ಆಗ ಗಾಳಿಕೋಳಿ ಅವನ ಹೊಟ್ಟೆಯ ಕೆಳಗೆ ಸರಿದುಹೋಯಿತು.

ಇಡೀ ದ್ವೀಪ ಒಮ್ಮೆಗೇ ಬಿಚ್ಚಿಕೊಂಡಿತು, ಮೇಜಿನ ಮೇಲೆ ಹಾಸಿದ ಬಟ್ಟೆಯಷ್ಟೇ ಇತ್ತು. ಅವನು ಜೀವಮಾನವಿಡೀ ಮೊದಲನೆಯ ಗೇರಿನಲ್ಲೂ ಎರಡನೆಯ ಗೇರಿನಲ್ಲೂ ತೆವಳಿದ ರಸ್ತೆಗಳೆಲ್ಲ ಅಲ್ಲಿ ಮಗು ಗೀಚಿದ ಗೆರೆಗಳು. ಊರಿಗಿದ್ದ ಒಂದೇ ವೃತ್ತ, ಅದರಲ್ಲಿ ಎಷ್ಟು ಜನ ಅಳುತ್ತಾ ಸುತ್ತು ಹಾಕಿರಲಿಲ್ಲ, ಕಾಫಿ ಲೋಟ ಇಟ್ಟ ಗುರುತಿನಂತಿತ್ತು. ಲಿಸ್ಬೆತ್‌ಳ ಅಂಗಡಿಯ ಕೆಂಪು ಹೆಂಚು. ಅದರಾಚೆಗೆ ಸಮುದ್ರ, ಅದರಾಚೆಗೆ ಇನ್ನೂ ಸಮುದ್ರ. ಪಶ್ಚಿಮದಿಂದ ಒಳ್ಳೆಯ ಗಾಳಿ ಬಂದು ಹಾಯಿಬಟ್ಟೆಯ ಬೆನ್ನಲ್ಲಿ ತುಂಬಿಕೊಂಡಿತು. ಹೊಟ್ಟೆಯ ಆಳದಿಂದ ಏನೋ ಗುಳುಗುಳು ಎನ್ನುತ್ತಾ ಎದೆಗೆ ಬಂತು, ಗಂಟಲಿಗೆ ಬಂತು. ಟೋರ್ಕಿಲ್ ಬ್ರೋಗೋರ್ ಬಾಯ್ತುಂಬ ನಕ್ಕ.

"ಟೋರ್ಕಿಲ್! ನಗ್ತಿದೀಯ!"

"ಗೊತ್ತು!"

"ನಿರ್ಣಯ ಇದೆ!"

"ಗೊತ್ತು!"

"ಇಳಿಸಿ ಇನ್ನೊಂದ್ಸಲ ತೆಗೀತೀನಿ!"

"ತೆಗಿ, ತೆಗಿ! ಎಷ್ಟು ಸಲ ಬೇಕಾದ್ರೂ ತೆಗಿ!"

ಇಳಿಸಿ ಮತ್ತೆ ಏರಿಸಿದರು. ಗಂಟೆಯ ಕಿಂಡಿಯವರೆಗೆ ಶವಯಾತ್ರೆಗೆ ಹೊರಟವನ ಮುಖ. ಗಾಳಿಕೋಳಿ ದಾಟಿದ್ದೇ ತಡ, ಮತ್ತೆ ನಗು. ಮೂರನೆಯ ಸಲ ಇನ್ನೂ ಕೆಟ್ಟುಹೋಯಿತು: ಕೆಳಗಿದ್ದ ಮೂಡಗಾಳಿಗೂ ನಗು ಅಂಟಿಕೊಂಡು, ಪಾದ್ರಿ ಗೋಡೆಯಿಂದ ಜಾರಿ ಲಿಲಾಕ್ ಪೊದೆಯೊಳಗೆ ಬಿದ್ದು ಅಲ್ಲಿಂದಲೇ ಕಿಸಿಕಿಸಿ ಎಂದಳು. ಯಂತ್ರದವನಿಗೆ ಹಡಗಿನ ಹೊತ್ತಾಯಿತು. ಪಟ್ಟಿ ಬಿಚ್ಚುವಾಗಲೂ ಟೋರ್ಕಿಲ್‌ನ ಬಾಯಿ ಕಿವಿಯ ಹತ್ತಿರವೇ ಇತ್ತು. ಅದನ್ನು ಎಲ್ಲಿಗೆ ವಾಪಸ್ ತರಬೇಕೆಂದು ಅವನಿಗೇ ಮರೆತುಹೋದಂತಿತ್ತು.

ಬೇಸಿಗೆಯಿಡೀ ಓಸ್ವಾಲ್ಡ್ ಗುಡ್ರುನ್‌ಳ ಬೆನ್ನು ಬಿಡಲಿಲ್ಲ. ಆ ಭಾಗ ಕತ್ತರಿಸಬೇಕು, ಇಲ್ಲವಾದರೆ ಸಭೆಗೆ ಅವಮಾನ. ಗುಡ್ರುನ್ ಕತ್ತರಿಸಿಯೂ ನೋಡಿದಳು. ಪಡುಗಾಳಿ ಗಂಟೆಯ ಕಿಂಡಿಯವರೆಗೆ ಏರಿ, ನೇರ ಬಸ್ ನಿಲ್ದಾಣದಲ್ಲಿ ಇಳಿದ. ನೋಡಲು ಲಿಫ್ಟು ಕೆಟ್ಟಂತಿತ್ತು. ಟೋರ್ಕಿಲ್ ಅವಳನ್ನು ಏನೂ ಕೇಳಲಿಲ್ಲ. ಆದರೆ ಲಿಸ್ಬೆತ್ ಹೇಳುವಂತೆ, ಆ ತಿಂಗಳುಗಳಲ್ಲಿ ಅವನಿಗೆ ನಿದ್ದೆ ಹತ್ತುತ್ತಿರಲಿಲ್ಲ. ಜೊತೆಗೆ ಊಟಕ್ಕೆ ಏನು ಬೇಕೆಂಬುದನ್ನು ಬಾಯಿಬಿಟ್ಟು ಹೇಳತೊಡಗಿದ್ದ. ಒಂದು ವಾರ ದಿನವೂ ಮಾಂಸದುಂಡೆ ಬೇಕೆಂದು ಅವಳ ಜೀವ ತಿಂದ.

ಹಿಂದೆ ಮಕ್ಕಳು ಆಲೂಗಡ್ಡೆ ಕೀಳಲೆಂದು ಶಾಲೆಗಳಿಗೆ ಕೊಡುತ್ತಿದ್ದ ಅಕ್ಟೋಬರಿನ ಆಲೂಗಡ್ಡೆ ರಜೆಯಲ್ಲಿ, ಪ್ರತಿ ಸಲದಂತೆ, ಸಭಾಭವನದಲ್ಲಿ ಸಿನಿಮಾ ಹಾಕಿದರು. ಟೋರ್ಕಿಲ್ ಹಿಂದಿನ ಸಾಲಿನ ಮೂಲೆಯ ಕುರ್ಚಿಯಲ್ಲಿ ಕೂತ. ಗುಡ್ರುನ್ ಯಾವುದನ್ನು ಉಳಿಸಿದ್ದಾಳೆ ಯಾವುದನ್ನು ತೆಗೆದಿದ್ದಾಳೆ ಎಂದು ಯಾರಿಗೂ ಗೊತ್ತಿರಲಿಲ್ಲ; ಅವಳು ಮುಂದೆ ಕೂತು ಯಾರ ಕಡೆಗೂ ತಿರುಗಲಿಲ್ಲ. ಪರದೆಯ ಮೇಲೆ ಪಡುಗಾಳಿ ಸೂರು ದಾಟಿದ, ಕಿಂಡಿ ದಾಟಿದ. ಟೋರ್ಕಿಲ್ ಕುರ್ಚಿಯ ಅಂಚು ಹಿಡಿದುಕೊಂಡ. ಗಾಳಿಕೋಳಿ ಕೆಳಗೆ ಸರಿಯಿತು. ಆಮೇಲೆ ಇಡೀ ಪರದೆಯ ತುಂಬ ಒಂದೇ ಮುಖ. ಬಿಳಿ ಹುಬ್ಬು, ಒಂದು ಬೆಳ್ಳಿ ಹಲ್ಲು, ಗಾಳಿಗೆ ನೀರು ಬಂದ ಕಣ್ಣು. ಆ ಮುಖ ನಗುತ್ತಿತ್ತು, ನಗುತ್ತಲೇ ಇತ್ತು. ಗುಡ್ರುನ್ ಒಂದು ಚೂರನ್ನೂ ಕತ್ತರಿಸಿರಲಿಲ್ಲ.

ಸಿನಿಮಾ ಮುಗಿದು ದೀಪ ಹತ್ತಿದಾಗ ಯಾರೂ ಚಪ್ಪಾಳೆ ತಟ್ಟಲಿಲ್ಲ. ಎಲ್ಲರೂ ಓಸ್ವಾಲ್ಡನ ಕಡೆ ನೋಡುತ್ತಿದ್ದರು. ಅವನು ಮೆಲ್ಲಗೆ ಎದ್ದು, ಕುರ್ಚಿಗಳ ನಡುವೆ ದಾರಿ ಮಾಡಿಕೊಂಡು, ಮೂಲೆಯ ಕುರ್ಚಿಯ ಮುಂದೆ ಬಂದು ನಿಂತ. ಸುಂಕದ ಕಟ್ಟೆಯ ಕಣ್ಣುಗಳಿಂದ ಟೋರ್ಕಿಲ್‌ನನ್ನು ತುಂಬ ಹೊತ್ತು ತಪಾಸಣೆ ಮಾಡಿದ.

"ಅಷ್ಟೇನೂ ಕೆಟ್ಟದಾಗಿರ್ಲಿಲ್ಲ" ಎಂದ.

ಸಭಾಭವನ ಉಸಿರು ಬಿಟ್ಟಿತು. ನಮ್ಮ ದ್ವೀಪದಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ; ಸತ್ತವರಿಗೂ ಇಷ್ಟು ಸಿಗುವುದು ಅಪರೂಪ. ಇದಕ್ಕೆ ಕೊಡುವ ಉತ್ತರವೂ ಗೊತ್ತಿರುವಂಥದ್ದೇ. ತಲೆ ತಗ್ಗಿಸಿ, "ಏ, ಅದೇನಿಲ್ಲ, ಗಾಳಿ ಚೆನ್ನಾಗಿತ್ತು" ಎನ್ನಬೇಕು.

ಟೋರ್ಕಿಲ್ ತಲೆ ಎತ್ತಿದ.

"ಹೌದು" ಎಂದ. "ತುಂಬ ಚೆನ್ನಾಗಿತ್ತು. ನಾನು ತುಂಬ ಚೆನ್ನಾಗಿ ಹಾರ್ದೆ."

ಓಸ್ವಾಲ್ಡನ ಹುಬ್ಬು ಮೇಲಕ್ಕೆ ಹೋಗಿ ಅಲ್ಲೇ ನಿಂತಿತು. ಮೋಗೆನ್ಸ್ ಕೆಮ್ಮಿದ. ಆಗ ಕಾಫಿಯ ಮೇಜಿನ ಕಡೆಯಿಂದ ಲಿಸ್ಬೆತ್ ಬಾಯಿಗೆ ಎರಡೂ ಕೈ ಕೊಳವೆ ಮಾಡಿಕೊಂಡು ಕೂಗಿದಳು: "ಗುಡ್ರುನ್! ಇನ್ನೊಂದ್ಸಲ ಹಾಕೇ! ನನ್ನ ಗಂಡನ್ನ ಇನ್ನೊಂದ್ಸಲ ಹಾರಿಸು!"

ಜನ ನೆಲ ಗುದ್ದತೊಡಗಿದರು. ಗುಡ್ರುನ್ ದೀಪ ಆರಿಸಿ ಆ ಭಾಗವನ್ನಷ್ಟೇ ಮತ್ತೆ ಹಾಕಿದಳು. ಮುಗಿದಾಗ ಇನ್ನೊಮ್ಮೆ ಹಾಕಿದಳು. ಅಷ್ಟು ಹೊತ್ತಿಗೆ ಟೋರ್ಕಿಲ್ ಮೂಲೆ ಬಿಟ್ಟು ಬಂದು ಮುಂದಿನ ಸಾಲಿನ ನಟ್ಟನಡುವಿನ ಕುರ್ಚಿಯಲ್ಲಿ ಕೂತಾಗಿತ್ತು. ಹಿಂದೆ ಕೂತವರಿಗೆ ಅವನ ತಲೆ ಅಡ್ಡವಾಗುತ್ತಿತ್ತು. ಯಾರೋ "ಸ್ವಲ್ಪ ಬಗ್ಗಯ್ಯಾ" ಎಂದರು. ಅವನು ಬಗ್ಗಲಿಲ್ಲ.